ಬೀಳುತ್ತಲೇ ಇದೆ, ನೆಲ ಮಾತ್ರ ಸಿಗುತ್ತಿಲ್ಲ

ಹೋದ ಬೇಸಿಗೆಯಲ್ಲಿ ತಿಪಟೂರಿನ ಅಣ್ಣನ ಮನೆಗೆ ಹೋಗಿದ್ದಾಗ ಅವನ ಮಗಳು ಒಂದು ಪುಸ್ತಕ ಹಿಡಿದುಕೊಂಡು ಬಂದಳು. ಆರನೇ ಕ್ಲಾಸಿನ ಹುಡುಗಿ. ಪುಸ್ತಕ ನೋಡಲು ಚೆನ್ನಾಗಿತ್ತು. ನುಣುಪು ಕಾಗದ, ಬಣ್ಣದ ಚಿತ್ರಗಳು, ಮುಖಪುಟದಲ್ಲಿ ಶನಿಗ್ರಹದ ಬಳೆ. "ಅತ್ತೆ, ಉಪಗ್ರಹ ಯಾಕೆ ಬೀಳಲ್ಲ ಅಂತ ಇದರಲ್ಲಿ ಹೇಳಿದ್ದಾರೆ. ಆದ್ರೆ ನಂಗೆ ಅರ್ಥ ಆಗ್ತಿಲ್ಲ" ಅಂದಳು. ತೆಗೆದು ಓದಿದೆ. ಅಷ್ಟು ಎತ್ತರದಲ್ಲಿ ಗುರುತ್ವಾಕರ್ಷಣೆ ಇರುವುದಿಲ್ಲ, ಹಾಗಾಗಿ ಉಪಗ್ರಹ ತೇಲುತ್ತಿರುತ್ತದೆ ಎಂದು ಬರೆದಿತ್ತು. ಪುಟ ತಿರುಗಿಸಿದರೆ, ಚಂದ್ರನನ್ನು ಭೂಮಿಯ ಗುರುತ್ವಾಕರ್ಷಣೆ ಹಿಡಿದಿಟ್ಟುಕೊಂಡಿದೆ ಎಂದೂ ಬರೆದಿತ್ತು. ಹುಡುಗಿಗೆ ಗೊಂದಲ ಆಗದೆ ಇನ್ನೇನಾಗುತ್ತದೆ? 400 ಕಿ.ಮೀ. ಎತ್ತರದಲ್ಲೇ ಮುಗಿದುಹೋದ ಸೆಳೆತ 3,84,000 ಕಿ.ಮೀ. ದೂರದ ಚಂದ್ರನನ್ನು ಹೇಗೆ ಹಿಡಿಯಿತು?

ಅವಳ ಪ್ರಶ್ನೆಗೆ ಸರಿಯಾದ ಉತ್ತರ ಸುಮಾರು 300 ವರ್ಷ ಹಳೆಯ ಪುಸ್ತಕವೊಂದರ ಒಂದೇ ಚಿತ್ರದಲ್ಲಿದೆ. ಆ ಚಿತ್ರ ಒಮ್ಮೆ ತಲೆಗೆ ಹೊಕ್ಕರೆ ಸಾಕು. ಗಗನಯಾತ್ರಿಗಳು ಯಾಕೆ ತೇಲುತ್ತಾರೆ, ತಾರಸಿಯ ಮೇಲಿನ ಡಿಶ್ ಯಾಕೆ ಅಲುಗಾಡದೆ ಒಂದೇ ಕಡೆ ನೋಡುತ್ತದೆ, ಚಂದ್ರಯಾನ ಯಾಕೆ ಅಷ್ಟು ಸುತ್ತು ಹೊಡೆದು ಹೋಯಿತು, ಎಲ್ಲವೂ ಬಿಡಿಸಿಕೊಳ್ಳುತ್ತಾ ಹೋಗುತ್ತದೆ. ಆವತ್ತು ಸಂಜೆ ಅವಳ ಜೊತೆ ಕೂತು ಮಾತಾಡಿದ್ದನ್ನೇ ಇಲ್ಲಿ ಇನ್ನೊಂದಿಷ್ಟು ಸೇರಿಸಿ ಬರೆಯುತ್ತಿದ್ದೇನೆ.

ಮೊದಲು ಆ ತಪ್ಪನ್ನು ತೆಗೆದುಬಿಡೋಣ. ಅಂತರರಾಷ್ಟ್ರೀಯ ಬಾಹ್ಯಾಕಾಶ ನಿಲ್ದಾಣ ಇರುವುದು ನೆಲದಿಂದ ಸುಮಾರು 400 ಕಿ.ಮೀ. ಮೇಲೆ. ಕೇಳುವುದಕ್ಕೆ ಬಹಳ ಎತ್ತರ ಅನ್ನಿಸುತ್ತದೆ. ಆದರೆ ಅದು ಬೆಂಗಳೂರಿನಿಂದ ಹುಬ್ಬಳ್ಳಿಗೆ ಹೋಗುವ ದೂರ, ಅಷ್ಟೇ. ಭೂಮಿಯ ಸೆಳೆತವನ್ನು ಅಳೆಯಬೇಕಾದದ್ದು ಭೂಮಿಯ ನಡುವಿನಿಂದ. ನಾವು ನೆಲದ ಮೇಲೆ ನಿಂತಾಗಲೇ ಆ ನಡುವಿನಿಂದ 6,371 ಕಿ.ಮೀ. ದೂರದಲ್ಲಿರುತ್ತೇವೆ. ಅದಕ್ಕೆ ಇನ್ನೊಂದು 400 ಸೇರಿದರೆ ದೊಡ್ಡ ವ್ಯತ್ಯಾಸವೇನೂ ಆಗುವುದಿಲ್ಲ. ನಿಲ್ದಾಣ ಇರುವ ಎತ್ತರದಲ್ಲಿ ಸೆಳೆತ ಇಲ್ಲಿನ ಶೇ. 88ರಷ್ಟು ಉಳಿದಿರುತ್ತದೆ. ಅಷ್ಟೆತ್ತರದ ಗೋಪುರ ಕಟ್ಟಿ, ಅದರ ತುದಿಯಲ್ಲಿ ತೂಕದ ಯಂತ್ರ ಇಟ್ಟು ನಿಂತರೆ 50 ಕೆ.ಜಿ. ತೂಗುವವರು 44 ಕೆ.ಜಿ. ತೂಗುತ್ತಾರೆ. ಗೋಪುರದಿಂದ ಕಾಲು ಜಾರಿದರೆ ಧೊಪ್ಪನೆ ಕೆಳಗೇ ಬೀಳುತ್ತಾರೆ.

ಹಾಗಾದರೆ ನಿಲ್ದಾಣ ಯಾಕೆ ಬೀಳುವುದಿಲ್ಲ? ನಿಜ ಹೇಳಬೇಕೆಂದರೆ, ಬೀಳುತ್ತಿದೆ. ಒಂದು ಕ್ಷಣವೂ ಬಿಡದೆ ಬೀಳುತ್ತಲೇ ಇದೆ.

ಇದನ್ನು ಅರ್ಥ ಮಾಡಿಕೊಳ್ಳಲು ನಾವಿಬ್ಬರೂ ತೆಂಗಿನ ತೋಟದಿಂದ ಶುರು ಮಾಡಿದೆವು. ಅಣ್ಣನ ತೋಟದಲ್ಲಿ 60 ಅಡಿ ದಾಟಿದ ಹಳೆಯ ಮರಗಳಿವೆ. ಒಣಗಿದ ಕಾಯಿ ಕಳಚಿಕೊಂಡರೆ ಮೊದಲ ಒಂದು ಸೆಕೆಂಡಿನಲ್ಲಿ 4.9 ಮೀಟರ್, ಅಂದರೆ 16 ಅಡಿ ಇಳಿಯುತ್ತದೆ. ಎರಡು ಸೆಕೆಂಡಿಗೆ 64 ಅಡಿ, ನೆಲ ಮುಟ್ಟಿಯೇ ಬಿಡುತ್ತದೆ. ಮೊದಲ ಸೆಕೆಂಡಿನ ಈ 4.9 ಮೀಟರ್ ಅನ್ನುವುದನ್ನು ನೆನಪಿಟ್ಟುಕೊಳ್ಳಿ. ಇಡೀ ಕಥೆ ಇದರ ಮೇಲೆ ನಿಂತಿದೆ.

ಆಮೇಲೆ ಎರಡು ಒಂದು ರೂಪಾಯಿ ನಾಣ್ಯ ತಗೊಂಡೆವು. ಒಂದನ್ನು ಮೇಜಿನ ಅಂಚಿನಲ್ಲಿಟ್ಟು ಬೆರಳಿನಿಂದ ಚಿಮ್ಮಿಸುವುದು. ಅದು ಹಾರಿ ದೂರ ಹೋಗಿ ಬೀಳುತ್ತದೆ. ಇನ್ನೊಂದನ್ನು ಅದೇ ಹೊತ್ತಿಗೆ, ಅದೇ ಎತ್ತರದಿಂದ ಸುಮ್ನೆ ಕೈಬಿಡುವುದು. ಯಾವುದು ಮೊದಲು ನೆಲ ಮುಟ್ಟುತ್ತದೆ? ದೂರ ಹೋಗುವ ನಾಣ್ಯ ತಡವಾಗಿ ಬೀಳುತ್ತದೆ ಅಂತ ಅವಳು ಹೇಳಿದಳು. ಮೂರು ನಾಲ್ಕು ಸಲ ಕೈ ತಪ್ಪಿತು. ಸರಿಯಾಗಿ ಹೊಂದಿಸಿ ಮಾಡಿದಾಗ ಕೆಂಪು ಗಾರೆ ನೆಲದ ಮೇಲೆ ಎರಡೂ ಸೇರಿ ಒಂದೇ ಸದ್ದು ಮಾಡಿದವು. ಅವಳು ಕಣ್ಣು ಮುಚ್ಚಿಕೊಂಡು ಕೇಳುತ್ತಾ ಹತ್ತಾರು ಸಲ ಮಾಡಿಸಿದಳು. ಪಕ್ಕಕ್ಕೆ ಎಷ್ಟೇ ಜೋರಾಗಿ ಹೋಗಲಿ, ಕೆಳಗೆ ಬೀಳುವ ಕೆಲಸ ತನ್ನ ಪಾಡಿಗೆ ತಾನು ನಡೆಯುತ್ತಿರುತ್ತದೆ. ಪಕ್ಕಕ್ಕೆ ಓಡುವ ವೇಗ ಬೀಳುವುದನ್ನು ತಡೆಯುವುದೂ ಇಲ್ಲ, ನಿಧಾನ ಮಾಡುವುದೂ ಇಲ್ಲ.

ಇನ್ನು ಉಳಿದದ್ದು ನೆಲದ ವಿಚಾರ. ಭೂಮಿ ದುಂಡಗಿದೆ. ಹಾಗಾಗಿ ನಾವು ನೇರವಾಗಿ ಗೆರೆ ಎಳೆದುಕೊಂಡು ಹೋದರೆ ನೆಲ ಆ ಗೆರೆಯಿಂದ ಕೆಳಕ್ಕೆ ಬಾಗುತ್ತಾ ಹೋಗುತ್ತದೆ. ಎಷ್ಟು ಬಾಗುತ್ತದೆ ಅಂತ ಲೆಕ್ಕ ಹಾಕಿದರೆ, 7.9 ಕಿ.ಮೀ. ಹೋಗುವಷ್ಟರಲ್ಲಿ 4.9 ಮೀಟರ್! ತೆಂಗಿನಕಾಯಿಯ ಅದೇ 4.9. ಅಂದರೆ ಒಂದು ಕಲ್ಲನ್ನು ಸೆಕೆಂಡಿಗೆ 7.9 ಕಿ.ಮೀ. ವೇಗದಲ್ಲಿ ಪಕ್ಕಕ್ಕೆ ಎಸೆದರೆ, ಒಂದು ಸೆಕೆಂಡಿನಲ್ಲಿ ಅದು 4.9 ಮೀಟರ್ ಬೀಳುತ್ತದೆ, ಅಷ್ಟರಲ್ಲಿ ನೆಲವೂ 4.9 ಮೀಟರ್ ಕೆಳಗೆ ಹೋಗಿರುತ್ತದೆ. ಕಲ್ಲು ಬಿದ್ದಿದೆ, ಆದರೆ ನೆಲ ಹತ್ತಿರ ಬಂದಿಲ್ಲ. ಮುಂದಿನ ಸೆಕೆಂಡಿನಲ್ಲೂ ಹೀಗೇ. ಅದರ ಮುಂದಿನದರಲ್ಲೂ ಹೀಗೇ. 84 ನಿಮಿಷದ ನಂತರ ಭೂಮಿಯನ್ನು ಒಂದು ಸುತ್ತು ಹಾಕಿ ಎಸೆದವರ ಬೆನ್ನ ಹಿಂದೆ ಬಂದು ನಿಲ್ಲುತ್ತದೆ. ನಿಲ್ಲುವುದೆಲ್ಲಿ, ಮತ್ತೆ ಹೊರಡುತ್ತದೆ.

ಆ ವೇಗ ಎಂಥದ್ದು ಅಂತ ಒಂದು ಅಂದಾಜು ಬೇಕಲ್ವಾ? ಬೆಂಗಳೂರಿನಿಂದ ಮೈಸೂರಿಗೆ 145 ಕಿ.ಮೀ. ಈ ಕಲ್ಲು ಆ ದಾರಿಯನ್ನು 19 ಸೆಕೆಂಡಿನೊಳಗೆ ಮುಗಿಸುತ್ತದೆ.

ಇದನ್ನು ಚಿತ್ರ ಬರೆದು ತೋರಿಸಿದವರು ಐಸಾಕ್ ನ್ಯೂಟನ್. ಒಂದು ಗುಂಡಗಿನ ಭೂಮಿ, ಅದರ ತಲೆಯ ಮೇಲೆ ಗಾಳಿಯನ್ನೂ ಮೀರಿದ ಒಂದು ಎತ್ತರದ ಬೆಟ್ಟ. ಬೆಟ್ಟದ ತುದಿಯಿಂದ ಅಡ್ಡಕ್ಕೆ ಗುಂಡು ಹಾರುತ್ತದೆ. ಕಡಿಮೆ ವೇಗಕ್ಕೆ ಬುಡದಲ್ಲೇ ಬೀಳುತ್ತದೆ. ವೇಗ ಜಾಸ್ತಿ ಮಾಡಿದರೆ ಇನ್ನಷ್ಟು ದೂರ. ಇನ್ನೂ ಜಾಸ್ತಿ ಮಾಡಿದರೆ ಭೂಮಿಯ ಇನ್ನೊಂದು ಮಗ್ಗುಲಿಗೆ. ಕೊನೆಗೆ ಒಂದು ಗೆರೆ ಎಲ್ಲೂ ನೆಲ ಮುಟ್ಟದೆ ಸುತ್ತಿ ಬಂದು ಬೆಟ್ಟದ ತುದಿಯನ್ನೇ ಸೇರುತ್ತದೆ. ಬಾಗಿದ ಐದಾರು ಗೆರೆಗಳ ಚಿತ್ರ, ಇನ್ನೇನೂ ಇಲ್ಲ.

ಈ ಚಿತ್ರ ಹೊರಗೆ ಬಂದ ಕಥೆಯೂ ಸ್ವಾರಸ್ಯವಾಗಿದೆ. 1687ರಲ್ಲಿ ಬಂದ ತಮ್ಮ ಮಹಾಗ್ರಂಥ 'ಪ್ರಿನ್ಸಿಪಿಯಾ'ದ ಮೂರನೇ ಭಾಗವನ್ನು ನ್ಯೂಟನ್ ಮೊದಲು ಎಲ್ಲರೂ ಓದುವ ಹಾಗೆ ಸರಳವಾಗಿಯೇ ಬರೆದಿದ್ದರು. ಆಮೇಲೆ ಮನಸ್ಸು ಬದಲಾಯಿತು. ಬುಡ ತಿಳಿಯದವರು ಸುಮ್ಮನೆ ವಾದಕ್ಕೆ ಬರುತ್ತಾರೆ ಎಂದುಕೊಂಡು, ಅದನ್ನು ಪಕ್ಕಕ್ಕಿಟ್ಟು ಪೂರ್ತಿ ಗಣಿತದ ಭಾಷೆಯಲ್ಲಿ ಮತ್ತೆ ಬರೆದರು. ಸರಳವಾಗಿ ಬರೆದದ್ದು ಅಚ್ಚಾದದ್ದು 1728ರಲ್ಲಿ. ಅಷ್ಟರಲ್ಲಿ ನ್ಯೂಟನ್ ತೀರಿಕೊಂಡು ಒಂದು ವರ್ಷವಾಗಿತ್ತು. ನನಗೆ ಇದು ಯಾವಾಗಲೂ ಕಾಡುವ ವಿಷಯ. ಆರನೇ ಕ್ಲಾಸಿನ ಹುಡುಗಿಗೂ ಎಟಕುವ ಚಿತ್ರ 40 ವರ್ಷ ಪೆಟ್ಟಿಗೆಯಲ್ಲಿ ಕೂತಿತ್ತು.

ಚಂದ್ರನಿಗೂ ಇದೇ ಲೆಕ್ಕ. ಚಂದ್ರ ಭೂಮಿಯ ನಡುವಿನಿಂದ ನಮಗಿಂತ 60 ಪಟ್ಟು ದೂರ ಇದ್ದಾನೆ. ದೂರ 60 ಪಟ್ಟಾದರೆ ಸೆಳೆತ 60ರ 60 ಪಟ್ಟು, ಅಂದರೆ 3,600 ಪಟ್ಟು ಕಡಿಮೆಯಾಗುತ್ತದೆ. ಹಾಗಾಗಿ ತೆಂಗಿನಕಾಯಿ ಒಂದು ಸೆಕೆಂಡಿನಲ್ಲಿ ಬೀಳುವ 4.9 ಮೀಟರನ್ನು ಬೀಳಲು ಚಂದ್ರನಿಗೆ ಒಂದು ನಿಮಿಷ ಬೇಕು. ಅವನು ಬೀಳುತ್ತಲೇ ಇದ್ದಾನೆ, ಸೆಕೆಂಡಿಗೆ ಒಂದು ಕಿ.ಮೀ. ಪಕ್ಕಕ್ಕೆ ಓಡುತ್ತಲೂ ಇದ್ದಾನೆ. ಅದಕ್ಕೇ 27 ದಿನಕ್ಕೊಮ್ಮೆ ನಮ್ಮನ್ನು ಸುತ್ತುತ್ತಾನೆ. ತೋಟದ ಕಾಯಿಗೂ ಆಕಾಶದ ಚಂದ್ರನಿಗೂ ಒಂದೇ ನಿಯಮ ಎಂದು ನ್ಯೂಟನ್ ತೋರಿಸಿದ್ದು ಈ ಲೆಕ್ಕದಿಂದಲೇ.

ಇಲ್ಲಿ ಇನ್ನೊಂದು ತಪ್ಪು ವಿವರಣೆಯ ಬಗ್ಗೆಯೂ ಹೇಳಬೇಕು. ಇದು ಒಳ್ಳೆಯ ಪುಸ್ತಕಗಳಲ್ಲೂ ಕಾಣುತ್ತದೆ. ಉಪಗ್ರಹವನ್ನು ಹೊರಕ್ಕೆ ತಳ್ಳುವ ಬಲವೂ ಒಳಕ್ಕೆ ಎಳೆಯುವ ಬಲವೂ ಸರಿಸಮ ಆಗಿರುವುದರಿಂದ ಅದು ಬೀಳುವುದಿಲ್ಲ ಎನ್ನುತ್ತಾರೆ. ನೆಲದ ಮೇಲೆ ನಿಂತು ನೋಡುವವರಿಗೆ ಇದು ಸರಿಹೊಂದುವುದಿಲ್ಲ. ಎರಡು ಬಲ ಸಮ ಆಗಿ ಒಂದಕ್ಕೊಂದು ವಜಾ ಆದರೆ ವಸ್ತು ನೇರವಾಗಿ ಹೋಗಬೇಕು, ಬಾಗಬಾರದು. ಜೋಳದ ಹೊಲದಲ್ಲಿ ಅಟ್ಟಣೆಯ ಮೇಲೆ ನಿಂತು ಕವಣೆ ಬೀಸುವುದನ್ನು ನೋಡಿದ್ದರೆ ಇದು ಸುಲಭವಾಗಿ ತಿಳಿಯುತ್ತದೆ. ಕಲ್ಲು ಸುತ್ತುತ್ತಿರುವಷ್ಟು ಹೊತ್ತೂ ಕೈ ಅದನ್ನು ಒಳಕ್ಕೆ ಎಳೆಯುತ್ತಲೇ ಇರಬೇಕು. ಹಗ್ಗದ ತುದಿ ಬಿಟ್ಟ ಕ್ಷಣ ಕಲ್ಲು ಆಗ ಯಾವ ಕಡೆಗೆ ಓಡುತ್ತಿತ್ತೋ ಅದೇ ಕಡೆಗೆ ನೆಟ್ಟಗೆ ಹೊರಟುಹೋಗುತ್ತದೆ. ಹಾಗಾಗಿ ಉಪಗ್ರಹದ ಮೇಲೆ ಇರುವುದು ಒಳಕ್ಕೆ ಎಳೆಯುವ ಒಂದೇ ಬಲ. ಅದೇ ಅದರ ಹಗ್ಗ.

ತೇಲುವುದರ ಗುಟ್ಟೂ ಇಲ್ಲೇ ಇದೆ. ನಿಲ್ದಾಣ ಬೀಳುತ್ತಿದೆ, ಒಳಗಿರುವ ಮನುಷ್ಯರೂ ಬೀಳುತ್ತಿದ್ದಾರೆ, ಅವರ ಕೈಯ ಪೆನ್ನೂ ಬೀಳುತ್ತಿದೆ, ಎಲ್ಲವೂ ಒಂದೇ ಲೆಕ್ಕದಲ್ಲಿ. ಜೊತೆಗೆ ಬೀಳುವವರಲ್ಲಿ ಯಾರು ಯಾರ ಮೇಲೆ ಭಾರ ಹಾಕಲು ಸಾಧ್ಯ? ಕಾಲಿಗೆ ನೆಲ ಒತ್ತುವುದಿಲ್ಲ, ಹಾಗಾಗಿ ತೂಕ ಗೊತ್ತಾಗುವುದಿಲ್ಲ. ಒಂದೂವರೆ ಗಂಟೆಗೊಂದು ಸುತ್ತಿನಂತೆ ಅವರು ದಿನಕ್ಕೆ 16 ಸಲ ಸೂರ್ಯ ಹುಟ್ಟುವುದನ್ನು ನೋಡುತ್ತಾರೆ.

ಚಿತ್ರವೇನೋ ಸಿಕ್ಕಿತು. ಆದರೆ ಆ ವೇಗ ಕೊಡುವುದು ಹೇಗೆ? ನ್ಯೂಟನ್ನರ ಗುಂಡನ್ನು ನಿಜವಾಗಿ ಹಾರಿಸುವ ಆಸೆ ಕಥೆಗಾರರಿಗೆ ಬಂತು. 1865ರಲ್ಲಿ ಫ್ರಾನ್ಸಿನ ಜೂಲ್ಸ್ ವರ್ನ್ ಚಂದ್ರನಿಗೆ ಮನುಷ್ಯರನ್ನು ಫಿರಂಗಿಯಲ್ಲಿಟ್ಟು ಹಾರಿಸುವ ಕಾದಂಬರಿ ಬರೆದರು. ಫಿರಂಗಿಯ ಉದ್ದ 900 ಅಡಿ. ಗುಂಡಿನ ವೇಗ ಸೆಕೆಂಡಿಗೆ ಸುಮಾರು 11 ಕಿ.ಮೀ. ಭೂಮಿಯ ಹಿಡಿತ ಬಿಟ್ಟು ಹೋಗಲು ಬೇಕಾದ ವೇಗ 11.2. ಅಷ್ಟು ಹತ್ತಿರದ ಲೆಕ್ಕ! ತೊಂದರೆ ಇರುವುದು ಬೇರೆ ಕಡೆ. 900 ಅಡಿಯೊಳಗೆ ಅಷ್ಟು ವೇಗ ಹತ್ತಬೇಕೆಂದರೆ ಒಳಗಿರುವವರ ಮೇಲೆ ಅವರ ತೂಕದ 20,000 ಪಟ್ಟಿಗೂ ಹೆಚ್ಚು ಭಾರ ಬೀಳುತ್ತದೆ. ಒಬ್ಬರೂ ಉಳಿಯುವುದಿಲ್ಲ.

ಆ ಕಾದಂಬರಿ ಓದಿದವರಲ್ಲಿ ರಷ್ಯಾದ ಕಾನ್‌ಸ್ಟಾಂಟಿನ್ ಸಿಯೋಲ್ಕೋವ್‌ಸ್ಕಿ ಕೂಡ ಒಬ್ಬರು. ಚಿಕ್ಕಂದಿನಲ್ಲಿ ಜ್ವರ ಬಂದು ಕಿವಿ ಹೆಚ್ಚುಕಡಿಮೆ ಹೋಗಿತ್ತು. ಶಾಲೆ ತಪ್ಪಿತು. ಮಾಸ್ಕೋದ ಗ್ರಂಥಾಲಯದಲ್ಲಿ ಕೂತು ಗಣಿತ, ಭೌತವಿಜ್ಞಾನ ಎಲ್ಲವನ್ನೂ ತಾವೇ ಓದಿಕೊಂಡರು. ಮುಂದೆ ಕಲೂಗ ಎಂಬ ಊರಲ್ಲಿ ಮೇಷ್ಟ್ರಾದರು. 1903ರಲ್ಲಿ ಅವರು ಬರೆದ ಲೇಖನದಲ್ಲಿ ಫಿರಂಗಿಗೆ ಬದಲು ರಾಕೆಟ್ ಬಂತು. ವೇಗವನ್ನು ಒಂದೇ ಏಟಿಗೆ ಕೊಡುವುದು ಬೇಡ, ನಿಮಿಷಗಟ್ಟಲೆ ನಿಧಾನವಾಗಿ ಏರಿಸೋಣ. ಹಿಂದಕ್ಕೆ ಬಿಸಿ ಅನಿಲ ಚಿಮ್ಮಿಸಿದರೆ ರಾಕೆಟ್ ಮುಂದಕ್ಕೆ ಹೋಗುತ್ತದೆ. ತಳ್ಳಲು ಗಾಳಿಯೂ ಬೇಕಿಲ್ಲ.

ಆದರೆ ಈ ದಾರಿಗೆ ದೊಡ್ಡ ಬೆಲೆ ಇದೆ, ಅದನ್ನೂ ಅವರೇ ಲೆಕ್ಕ ಹಾಕಿದರು. ಎತ್ತಿನ ಗಾಡಿ ಕಟ್ಟಿಕೊಂಡು ದೂರದ ಜಾತ್ರೆಗೆ ಹೊರಟಿದ್ದೀರಿ ಅಂದುಕೊಳ್ಳಿ. ದಾರಿಯಲ್ಲಿ ಎಲ್ಲೂ ಮೇವು ಸಿಗುವುದಿಲ್ಲ. ಎತ್ತಿಗೆ ಬೇಕಾದ ಹುಲ್ಲನ್ನು ಗಾಡಿಯಲ್ಲೇ ಹೇರಬೇಕು. ಹುಲ್ಲು ಜಾಸ್ತಿಯಾದಷ್ಟೂ ಗಾಡಿ ಭಾರ. ಗಾಡಿ ಭಾರವಾದರೆ ಇನ್ನೆರಡು ಎತ್ತು ಬೇಕು. ಆ ಎತ್ತುಗಳಿಗೂ ಹುಲ್ಲು ಬೇಕು. ರಾಕೆಟ್ಟಿನ ಪಾಡು ಇದೇ. ಅನಿಲ ಸೆಕೆಂಡಿಗೆ 3 ಕಿ.ಮೀ. ವೇಗದಲ್ಲಿ ಚಿಮ್ಮುತ್ತದೆ ಎಂದಿಟ್ಟುಕೊಂಡರೆ, ರಾಕೆಟ್ 3 ಕಿ.ಮೀ. ವೇಗ ಪಡೆಯಲು ಕೊನೆಗೆ ಉಳಿಯುವ ತೂಕದ 2.7 ಪಟ್ಟು ಹೊತ್ತು ಹೊರಡಬೇಕು. 6 ಕಿ.ಮೀ. ವೇಗಕ್ಕೆ 7.4 ಪಟ್ಟು. 9 ಕಿ.ಮೀ.ಗೆ 20 ಪಟ್ಟು. ಅದಕ್ಕೇ ರಾಕೆಟ್ಟುಗಳು ಹಂತ ಹಂತವಾಗಿ ಇರುತ್ತವೆ, ಖಾಲಿಯಾದ ಪೀಪಾಯಿಗಳನ್ನು ದಾರಿಯಲ್ಲೇ ಕಳಚಿ ಬಿಸಾಕುತ್ತಾ ಹೋಗುತ್ತವೆ. ಚಂದ್ರಯಾನ-3ರ ತೂಕ ಸುಮಾರು 3.9 ಟನ್. ಅದನ್ನು ಹೊತ್ತ ಎಲ್‌ವಿಎಂ-3 ರಾಕೆಟ್ ಸುಮಾರು 640 ಟನ್.

ಶ್ರೀಹರಿಕೋಟದಿಂದ ಉಡಾವಣೆ ಆಗುವಾಗ ಟೀವಿಯಲ್ಲಿ ಗಮನವಿಟ್ಟು ನೋಡಿ. ರಾಕೆಟ್ ಮೊದಲು ನೆಟ್ಟಗೆ ಏರುತ್ತದೆ, ಸ್ವಲ್ಪ ಹೊತ್ತಿಗೆ ವಾಲುತ್ತದೆ, ಆಮೇಲೆ ಹೆಚ್ಚುಕಡಿಮೆ ಅಡ್ಡಡ್ಡ ಓಡುತ್ತದೆ. ಎಷ್ಟೋ ಜನ ಇದನ್ನು ನೋಡಿ ದಾರಿ ತಪ್ಪಿತೇನೋ ಅಂದುಕೊಳ್ಳುತ್ತಾರೆ. ನೆಟ್ಟಗೆ ಏರುವುದು ದಟ್ಟ ಗಾಳಿಯಿಂದ ಬೇಗ ಪಾರಾಗಲು. ನಿಜವಾದ ಕೆಲಸ ಪಕ್ಕಕ್ಕೆ ಓಡುವುದು, ಬೆಟ್ಟದ ಮೇಲಿನ ಗುಂಡಿನ ಹಾಗೆ. ಪೂರ್ವಕ್ಕೆ ಹಾರಿಸಿದರೆ ಇನ್ನೊಂದು ಲಾಭವಿದೆ. ಭೂಮಿ ಅದೇ ದಿಕ್ಕಿಗೆ ತಿರುಗುತ್ತಿರುವುದರಿಂದ ಅಲ್ಲಿ ನಿಂತ ರಾಕೆಟ್ಟಿಗೆ ಹೊರಡುವ ಮುಂಚೆಯೇ ಸೆಕೆಂಡಿಗೆ ಸುಮಾರು 450 ಮೀಟರ್ ವೇಗ ಪುಕ್ಕಟೆ ಸಿಕ್ಕಿರುತ್ತದೆ.

ಕಕ್ಷೆಗೆ ಸೇರಿದ ಮೇಲೆ ಸುತ್ತಲು ಎಂಜಿನ್ ಬೇಕಿಲ್ಲ. ಇದಕ್ಕೆ ನಮ್ಮ ಆರ್ಯಭಟವೇ ಸಾಕ್ಷಿ. ಉಡುಪಿ ಕಡೆಯ ಯು.ಆರ್. ರಾವ್ ಅವರ ಮುಂದಾಳತ್ವದಲ್ಲಿ ಬೆಂಗಳೂರಿನ ಪೀಣ್ಯದ ಶೆಡ್ಡುಗಳಲ್ಲಿ ತಯಾರಾದ 360 ಕೆ.ಜಿ.ಯ ಉಪಗ್ರಹ ಅದು. 1975ರ ಏಪ್ರಿಲ್ 19ರಂದು ಸೋವಿಯತ್ ರಾಕೆಟ್ ಅದನ್ನು ಮೇಲಕ್ಕೆ ಒಯ್ದಿತು. ಕೆಲವೇ ದಿನದಲ್ಲಿ ವಿದ್ಯುತ್ ಪೂರೈಕೆ ಕೆಟ್ಟು ಪ್ರಯೋಗಗಳು ನಿಂತವು. ಆದರೂ ಅದು 1992ರ ಫೆಬ್ರವರಿವರೆಗೆ ಸುತ್ತುತ್ತಲೇ ಇತ್ತು. 600 ಕಿ.ಮೀ. ಆಸುಪಾಸಿನಲ್ಲೂ ಗಾಳಿಯ ತೀರಾ ತೆಳುವಾದ ಪಸೆ ಇರುತ್ತದೆ. ಅದು ಚೂರು ಚೂರೇ ತಡೆದು, ಕಕ್ಷೆ ಚೂರು ಚೂರೇ ತಗ್ಗಿ, ಕೊನೆಗೆ ದಟ್ಟ ಗಾಳಿಗೆ ಸಿಕ್ಕಿತು.

ಎತ್ತರ ಹೆಚ್ಚಿದಷ್ಟೂ ಸುತ್ತು ನಿಧಾನ. ಸಮಭಾಜಕದ ಮೇಲೆ 35,786 ಕಿ.ಮೀ. ಎತ್ತರಕ್ಕೆ ಹೋದರೆ ಒಂದು ಸುತ್ತಿಗೆ ಹಿಡಿಯುವ ಹೊತ್ತೂ ಭೂಮಿ ತಿರುಗುವ ಹೊತ್ತೂ ಒಂದೇ ಆಗಿಬಿಡುತ್ತದೆ. ಅಲ್ಲಿರುವ ಉಪಗ್ರಹ ನಮಗೆ ಆಕಾಶದಲ್ಲಿ ಕದಲದೆ ನಿಂತ ಹಾಗೆ ಕಾಣುತ್ತದೆ. ನಿಮ್ಮ ಬೀದಿಯ ತಾರಸಿಗಳನ್ನೊಮ್ಮೆ ನೋಡಿ. ಒಂದೇ ಕಂಪನಿಯ ಡಿಶ್‌ಗಳೆಲ್ಲ ಒಂದೇ ಕಡೆ ಮುಖ ಎತ್ತಿ ಕೂತಿರುತ್ತವೆ. ಅವು ಬೆರಳು ಮಾಡಿ ತೋರಿಸುತ್ತಿರುವ ಜಾಗದಲ್ಲೇ ಉಪಗ್ರಹ ಇದೆ. ಅದೂ ಬೀಳುತ್ತಿದೆ, ಸೆಕೆಂಡಿಗೆ 3 ಕಿ.ಮೀ. ಓಡುತ್ತಿದೆ. ಇಂಥ ಉಪಗ್ರಹಗಳು ಜಾಗ ಬಿಟ್ಟು ಸರಿಯದಂತೆ ನೋಡಿಕೊಳ್ಳುವ ಇಸ್ರೋ ಕೇಂದ್ರ 1982ರಿಂದ ಹಾಸನದಲ್ಲಿದೆ.

ಇನ್ನು ಚಂದ್ರಯಾನ. 2023ರ ಜುಲೈ 14ಕ್ಕೆ ಹೊರಟ ನೌಕೆ ಆಗಸ್ಟ್ 23ರ ಸಂಜೆ ಇಳಿಯಿತು, 40 ದಿನ. 1969ರಲ್ಲಿ ಅಪೊಲೊ-11 ನಾಲ್ಕು ದಿನಕ್ಕೆ ಇಳಿದಿತ್ತು. ಆ ನಾಲ್ಕು ದಿನಕ್ಕೆ ಸುಮಾರು 2,900 ಟನ್ನಿನ ರಾಕೆಟ್ ಬೇಕಾಗಿತ್ತು. ನಮ್ಮದು ಅಷ್ಟು ದೊಡ್ಡದಲ್ಲ, ಹಾಗಾಗಿ ಇಸ್ರೋ ಜೋಕಾಲಿಯ ದಾರಿ ಹಿಡಿಯಿತು.

ನಾಗರ ಪಂಚಮಿಯಲ್ಲಿ ನಿಂತು ಜೋಕಾಲಿ ಜೀಕುವವರನ್ನು ಗಮನಿಸಿ. ತುದಿಯಲ್ಲಿ ಮಂಡಿ ಬಗ್ಗಿಸುತ್ತಾರೆ. ಜೋಕಾಲಿ ಕೆಳಗೆ ಬಂದು ಅತಿ ವೇಗವಾಗಿ ಹಾಯುವಾಗ ಬಲ ಹಾಕಿ ಎದ್ದು ನಿಲ್ಲುತ್ತಾರೆ. ಬಲ ಹಾಕಿದ್ದು ಕೆಳಗೆ, ಅದರ ಫಲ ಕಾಣುವುದು ಆಚೆ ತುದಿಯ ಎತ್ತರದಲ್ಲಿ. ಚಂದ್ರಯಾನವೂ ಮೊಟ್ಟೆಯಂತೆ ಉದ್ದನೆಯ ಕಕ್ಷೆಯಲ್ಲಿತ್ತು. ಭೂಮಿಗೆ ಹತ್ತಿರ ಬಂದಾಗ ಅದರ ವೇಗ ಅತಿ ಹೆಚ್ಚು. ಆ ಹೊತ್ತಿಗೆ ಸರಿಯಾಗಿ ಎಂಜಿನ್ ಉರಿಸಿದರೆ ಆಚೆಯ ತುದಿ ಇನ್ನಷ್ಟು ದೂರಕ್ಕೆ ಚಾಚಿಕೊಳ್ಳುತ್ತದೆ. ಮೊದಲು ದೂರದ ತುದಿ ಸುಮಾರು 36,500 ಕಿ.ಮೀ. ಇತ್ತು. ಆಮೇಲೆ 41,000 ದಾಟಿತು, 51,000 ದಾಟಿತು, 71,000 ದಾಟಿತು, ಜುಲೈ 25ಕ್ಕೆ 1,27,000 ಕೂಡ ದಾಟಿತು. ಆಗಸ್ಟ್ 1ರ ಜೀಕಿಗೆ ಆ ತುದಿ ಚಂದ್ರನ ದಾರಿಯವರೆಗೂ ಹೋಯಿತು. ಆಗಸ್ಟ್ 5ಕ್ಕೆ ಚಂದ್ರನ ಬಳಿ ವೇಗ ತಗ್ಗಿಸಿ ಅವನ ಸೆಳೆತಕ್ಕೆ ತನ್ನನ್ನು ಒಪ್ಪಿಸಿಕೊಂಡಿತು. ಬೆಂಗಳೂರಿನ ಹೊರಗೆ ಬ್ಯಾಲಾಳುವಿನಲ್ಲಿ 32 ಮೀಟರ್ ಅಗಲದ ದೊಡ್ಡ ಡಿಶ್ ಇದೆ. ಇಷ್ಟು ದೂರ ಹೋದ ನೌಕೆಗಳ ಸಣ್ಣ ದನಿಯನ್ನು ಹಿಡಿಯುವುದು ಅದರ ಕೆಲಸ.

ಮಕ್ಕಳಿಗೆ ಆಕಾಶದ ಪುಸ್ತಕ ಕೊಳ್ಳುವವರಿಗೆ ನನ್ನದೊಂದು ಕಿವಿಮಾತು. ಬಣ್ಣದ ಗ್ರಹಗಳ ಚಿತ್ರ ಎಷ್ಟಿದೆ ಎಂದು ನೋಡುವ ಮೊದಲು 'ಯಾಕೆ', 'ಹೇಗೆ' ಎಂಬ ಪುಟಗಳನ್ನು ನೀವೇ ಓದಿ. ಒಂದು ಪುಟದ ಮಾತು ಇನ್ನೊಂದು ಪುಟಕ್ಕೆ ಹೊಂದುತ್ತದೆಯೇ? ಮಗು ಮನೆಯಲ್ಲೇ ಮಾಡಿ ನೋಡುವಂಥದ್ದು ಏನಾದರೂ ಇದೆಯೇ? ಶಿವರಾಮ ಕಾರಂತರು 1930ರ ದಶಕದಲ್ಲೇ ಕನ್ನಡದ ಮಕ್ಕಳಿಗಾಗಿ 'ಬಾಲ ಪ್ರಪಂಚ' ತಂದಿದ್ದರು. ಆಗ ಒಂದು ಉಪಗ್ರಹವೂ ಹಾರಿರಲಿಲ್ಲ. ಈಗ ಹಾಸನ, ಬ್ಯಾಲಾಳು, ಪೀಣ್ಯಗಳು ನಮ್ಮಲ್ಲೇ ಇವೆ. ನಮ್ಮ ಮಕ್ಕಳಿಗೆ ತಪ್ಪು ವಿವರಣೆ ಸಿಗಬಾರದು ಎಂಬ ಆಸೆ ನನ್ನದು.

ಆ ರಾತ್ರಿ ಮಲಗುವ ಮುಂಚೆ ಅವಳು ತನ್ನ ಪುಸ್ತಕದ ಆ ಸಾಲನ್ನು ಪೆನ್ಸಿಲ್‌ನಿಂದ ಹೊಡೆದುಹಾಕಿ, ಪಕ್ಕದ ಖಾಲಿ ಜಾಗದಲ್ಲಿ ಬೆಟ್ಟ ಬರೆದು ಗೆರೆಗಳನ್ನು ಎಳೆದಳು. ಒಂದು ಗೆರೆ ಮಾತ್ರ ಪುಟದ ಅಂಚು ದಾಟಿ ಹೊರಗೆ ಹೋಗಿತ್ತು. "ಇದು ವಾಪಸ್ ಬರಲ್ಲ ಅತ್ತೆ, 11.2ಕ್ಕಿಂತ ಜಾಸ್ತಿ" ಅಂದಳು.

ಹಾಗೆ ಹೋದ ಗುಂಡೊಂದು ನಿಜಕ್ಕೂ ಇದೆ ಎಂದು ಹೇಳಿದೆ. 1977ರ ಸೆಪ್ಟೆಂಬರ್ 5ರಂದು ಹೊರಟ ವಾಯೇಜರ್-1. ಗುರುಗ್ರಹ, ಶನಿಗ್ರಹಗಳ ಪಕ್ಕ ಹಾದು ವೇಗ ಹೆಚ್ಚಿಸಿಕೊಂಡು ಸೂರ್ಯನ ಹಿಡಿತವನ್ನೂ ಬಿಡಿಸಿಕೊಂಡಿತು. ಈಗ 2,400 ಕೋಟಿ ಕಿ.ಮೀ.ಗೂ ಜಾಸ್ತಿ ದೂರದಲ್ಲಿದೆ, ಸೆಕೆಂಡಿಗೆ 17 ಕಿ.ಮೀ. ಹೋಗುತ್ತಿದೆ. ಅದರ ಮೈಗೆ ಚಿನ್ನದ ಲೇಪದ ಒಂದು ತಟ್ಟೆ ಅಂಟಿಸಿದ್ದಾರೆ, ಗ್ರಾಮಫೋನ್ ಪ್ಲೇಟಿನಂಥದ್ದು. ಅದರೊಳಗೆ ನೂರಕ್ಕೂ ಹೆಚ್ಚು ಚಿತ್ರಗಳಿವೆ. ಅವುಗಳಲ್ಲಿ ಒಂದು ನ್ಯೂಟನ್ನರ ಆ ಪುಸ್ತಕದ ಪುಟ, ಬೆಟ್ಟ ಮತ್ತು ಬಾಗಿದ ಗೆರೆಗಳು ಇರುವ ಪುಟವೇ. ಅದೇ ತಟ್ಟೆಯಲ್ಲಿ 55 ಭಾಷೆಗಳ ಶುಭಾಶಯವೂ ಇದೆ. ಕನ್ನಡದ್ದೂ ಇದೆ ಎಂದು ಮೊಬೈಲಿನಲ್ಲಿ ಹಚ್ಚಿ ಕೇಳಿಸಿದೆ. "ನಮಸ್ತೆ, ಕನ್ನಡಿಗರ ಪರವಾಗಿ ಶುಭಾಶಯಗಳು."

"ಇನ್ನೊಂದ್ಸಲ ಹಾಕು ಅತ್ತೆ" ಅಂದಳು. ಹಾಕಿದೆ.